ಗೋಡೆಯ ಮೇಲಿನ ಮೂರಕ್ಷರ

ಯಾರೋ ಬಾಗಿಲು ಬಡಿದರು. ಈ ಕಣಿವೆಯಲ್ಲಿ ಕತ್ತಲಾದ ಮೇಲೆ ಯಾರೂ ಯಾರ ಬಾಗಿಲನ್ನೂ ಬಡಿಯುವುದಿಲ್ಲ. ಗೊತ್ತಿದ್ದವರು ಅಂಗಳದಲ್ಲೇ ನಿಂತು ಹೆಸರು ಹಿಡಿದು ಕೂಗುತ್ತಾರೆ, ಗೊತ್ತಿಲ್ಲದವರು ಬರುವುದೇ ಇಲ್ಲ. ರೀವಾ ರಾಸ್ನಿಕ್ ಆ ಹೊತ್ತಿನಲ್ಲಿ ನಡುಮನೆಯ ಗೋಡೆಯ ಮುಂದೆ ನಿಂತಿದ್ದಳು. ಅವಳ ಬೆರಳು ಥರ್ಮೋಸ್ಟಾಟಿನ ಕೆಳಗುಂಡಿಯ ಮೇಲಿತ್ತು. ಆ ಪುಟ್ಟ ಬಿಳಿಯ ಪೆಟ್ಟಿಗೆಯ ಗಾಜಿನಲ್ಲಿ, ಅಂಕಿಯ ಪಕ್ಕದಲ್ಲಿ, ಮೂರೇ ಇಂಗ್ಲಿಷ್ ಅಕ್ಷರದ ಆ ಪದ ಮತ್ತೆ ಹುಟ್ಟಿಕೊಂಡಿತ್ತು: ಆಕ್ಸ್. ಅದು ಅಳಿಸಿಹೋಗುವ ತನಕ ಗುಂಡಿಯನ್ನು ಒತ್ತುವುದು, ಮನೆಯ ಶಾಖವನ್ನು ಒಂದೊಂದೇ ಡಿಗ್ರಿ ಕೆಳಗಿಳಿಸುವುದು, ಈ ಚಳಿಗಾಲದಲ್ಲಿ ಅವಳು ತನ್ನ ಪ್ರಾರ್ಥನೆಗಿಂತ ಹೆಚ್ಚು ನಿಷ್ಠೆಯಿಂದ ನಡೆಸಿಕೊಂಡು ಬಂದ ಕೆಲಸ. ಬಾಗಿಲ ಮೇಲೆ ಮತ್ತೆ ಬಡಿತ. ಅವಳು ಮೊದಲು ಗುಂಡಿಯನ್ನು ಒತ್ತಿದಳು. ಪದ ಮಾಯವಾಯಿತು. ಆಮೇಲೆ ಹೋಗಿ ಚಿಲಕ ತೆಗೆದಳು.

ಹೊರಗೆ ಮಂಜುಗಡ್ಡೆಯಾದ ಮೆಟ್ಟಿಲ ಮೇಲೆ ಕೋಲ್ಬಿ ನಿಂತಿದ್ದ. ಶೆರಿಫನ ಕೈಕೆಳಗಿನ ಪೊಲೀಸು. ಆದರೆ ರೀವಾಳ ಕಣ್ಣಿಗೆ ಭಾನುವಾರದ ಪಾಠಶಾಲೆಯಲ್ಲಿ ಅವಳು ಬೈಬಲಿನ ಕಥೆ ಹೇಳುವಾಗ ಪ್ಯಾಂಟು ಒದ್ದೆಮಾಡಿಕೊಂಡಿದ್ದ ಹುಡುಗನೇ. ಅವನು ಟೋಪಿ ತೆಗೆದು ಎದೆಗವಚಿಕೊಂಡು, ಅವಳ ಮುಖ ಬಿಟ್ಟು ಬಾಗಿಲ ಚೌಕಟ್ಟನ್ನು ನೋಡುತ್ತ, ಪಾಠಶಾಲೆಯ ರೂಢಿಯಲ್ಲೇ "ಮಿಸ್ ರೀವಾ, ಬೇಜಾರು ಮಾಡ್ಕೋಬೇಡಿ. ಇವರ ಜೊತೆ ಬರ್ಲೇಬೇಕಾಯ್ತು" ಎಂದ. ಅವನ ಹಿಂದಿದ್ದ ಹೆಂಗಸು ಮುಂದೆ ಬಂದಳು. ಎತ್ತರದವಳು, ಕೊರಳಿನಲ್ಲಿ ಗುರುತಿನ ಚೀಟಿ. ಹೆಸರು ಹಾರ್ಗಿಸ್, ಕೌಂಟಿಯ ಮಕ್ಕಳ ಇಲಾಖೆಯವಳು. "ಈ ಮನೇಲಿ ಒಂದು ಮಗು ಚಳೀಲಿ ಮಲಗ್ತಿದೆ ಅಂತ ನಮಗೆ ದೂರು ಬಂದಿದೆ, ಮಿಸೆಸ್ ರಾಸ್ನಿಕ್. ಒಳಗೆ ಬರಬಹುದಾ?"

ಬರಬೇಡಿ ಎನ್ನುವ ಹಕ್ಕು ತನಗುಂಟೋ ಇಲ್ಲವೋ ರೀವಾಳಿಗೆ ತಿಳಿಯಲಿಲ್ಲ. ಹಾರ್ಗಿಸ್ ಒಳಗೆ ಬಂದು ಮಾತಾಡಿದಾಗ ಅವಳ ಬಾಯಿಂದ ಹಬೆ ಹೊರಟಿತು. ನಡುಮನೆಯ ದೀಪದ ಬೆಳಕಿನಲ್ಲಿ, ತನ್ನದೇ ಸೋಫಾದ ಎದುರಿನಲ್ಲಿ ತೇಲಿದ ಆ ಬಿಳಿಯ ಹಬೆಯನ್ನು ರೀವಾ ಮೊದಲ ಸಲ ಪರರ ಕಣ್ಣಿನಿಂದ ನೋಡಿದಳು. ದಿನವೂ ಇದ್ದದ್ದೇ. ಅವಳ ಬಾಯಿಂದ, ಗಂಡನ ಬಾಯಿಂದ, ಮಗುವಿನ ಬಾಯಿಂದ ಹೊರಡುತ್ತಿದ್ದುದೇ. ಆದರೆ ಅದನ್ನು ನೋಡದಿರುವುದಕ್ಕೆ ಒಂದು ಅಭ್ಯಾಸ ಬೇಕು, ಆ ಅಭ್ಯಾಸವನ್ನು ಅವಳು ನವೆಂಬರಿನಿಂದ ಬೆಳೆಸಿಕೊಂಡಿದ್ದಳು. ಹಾರ್ಗಿಸ್ ನೇರ ಗೋಡೆಯ ಬಳಿ ಹೋಗಿ ಪೆಟ್ಟಿಗೆಯ ಮೇಲೆ ಬಗ್ಗಿದಳು. ಐವತ್ತಾರು ಡಿಗ್ರಿ ಫ್ಯಾರನ್‌ಹೀಟ್. ಬೆಚ್ಚಗಿನ ಮನೆಯಲ್ಲಿ ಅರವತ್ತೆಂಟೋ ಎಪ್ಪತ್ತೋ ಇರಬೇಕಾದ ಅಂಕಿ. ಅಂಕಿಯನ್ನು ಬರೆದುಕೊಂಡಳು. ಬೈದಿದ್ದರೆ ರೀವಾ ಜಗಳವಾಡುತ್ತಿದ್ದಳು. ಈಗ ಏಪ್ರನ್ನಿನ ಅಂಚನ್ನು ಮಡಚುತ್ತ ನಿಂತಳು.

ಮೊಮ್ಮಗಳು ಬ್ರೇಲಿನ್ ಹಿಂದಿನ ಕೋಣೆಯಲ್ಲಿ ಕೌದಿಗಳ ಗುಡ್ಡೆಯಡಿಯಲ್ಲಿ ಮಲಗಿದ್ದಳು. ತಲೆಗೆ ಉಣ್ಣೆಯ ಟೋಪಿ, ಮೈಗೆ ಗಂಟಲ ತನಕ ಗುಂಡಿ ಹಾಕಿದ ಮೇಲಂಗಿ. ಟಾರ್ಚಿನ ಬೆಳಕು ಬಿದ್ದೊಡನೆ ಮಗು ಕಣ್ಣುಜ್ಜಿಕೊಂಡು ಎದ್ದು ಕುಳಿತು, "ಶಾಲೆಗೆ ಹೊತ್ತಾಯ್ತಾ ಅಜ್ಜಿ? ನಾನು ಕೋಟು ಹಾಕ್ಕೊಂಡೇ ಇದೀನಿ" ಎಂದಿತು. ಕೋಲ್ಬಿ ತಟ್ಟನೆ ಗೋಡೆಯ ಕಡೆ ತಿರುಗಿದ. ಹಾರ್ಗಿಸ್ ಮಂಡಿಯೂರಿ ಕೌದಿಯೊಳಗೆ ಕೈಹಾಕಿ ಮಗುವಿನ ಪಾದ ಮುಟ್ಟಿ ನೋಡಿದಳು, ಬೆರಳು ಮುಟ್ಟಿ ನೋಡಿದಳು, ತುಟಿಯ ಬಣ್ಣ ನೋಡಿದಳು. ದನದ ಸಂತೆಯಲ್ಲಿ ಕರುವನ್ನು ನೋಡುವ ಹಾಗೆ, ಅನ್ನಿಸಿತು ರೀವಾಳಿಗೆ; ಹಾಗೆ ಅನ್ನಿಸಿದ್ದಕ್ಕೆ ನಾಚಿಕೆಯೂ ಆಯಿತು, ಏಕೆಂದರೆ ಆ ಹೆಂಗಸಿನ ಕೈ ಮೃದುವಾಗಿತ್ತು.

"ಕೌದಿಯೊಳಗೆ ಬೆಚ್ಚಗಿದಾಳೆ. ಅದೊಂದಕ್ಕೇ ಈ ರಾತ್ರಿ ಇಲ್ಲೇ ಬಿಟ್ಟು ಹೋಗ್ತಿದೀನಿ" ಎಂದಳು ಹಾರ್ಗಿಸ್, ನಡುಮನೆಗೆ ಬಂದು. "ನಾಳೆ ಸಾಯಂಕಾಲ ಬರ್ತೀನಿ. ಮನೆ ಅರವತ್ತೆಂಟಕ್ಕೆ ಬಂದಿರ್ಬೇಕು. ಬಂದಿಲ್ಲ ಅಂದ್ರೆ ಮಗೂನ ಬೇರೆ ಕಡೆ ಇಡ್ಬೇಕಾಗುತ್ತೆ. ಹೀಟರ್ ಕೆಟ್ಟಿದ್ಯಾ?"

"ಕೆಟ್ಟಿಲ್ಲ" ಎಂದಳು ರೀವಾ.

"ಮತ್ತೆ?"

ರೀವಾ ಮರುಪ್ರಶ್ನೆ ಹಾಕಿದಳು: "ಯಾರು ಹೇಳಿದ್ದು ನಿಮಗೆ?"

"ಅದನ್ನ ನಾನು ಹೇಳೋ ಹಾಗಿಲ್ಲ."

ಮೂಲೆಯ ಒರಗು ಕುರ್ಚಿಯಲ್ಲಿ ಗಂಡ ಗಾರ್ಲಂಡ್ ಕಂಬಳಿ ಹೊದ್ದು, ಮೂಗಿಗೆ ಆಮ್ಲಜನಕದ ನಳಿಗೆ ಸಿಕ್ಕಿಸಿಕೊಂಡು, ಸದ್ದು ನಿಲ್ಲಿಸಿದ ಟಿವಿಯನ್ನೇ ನೋಡುತ್ತ ಕುಳಿತಿದ್ದ. ಗಣಿಯ ಧೂಳು ಅವನ ಶ್ವಾಸಕೋಶದಲ್ಲಿ ಮನೆಮಾಡಿ ವರ್ಷಗಳಾಗಿದ್ದವು. ಒಂದು ವಾಕ್ಯಕ್ಕೆ ಬೇಕಾದಷ್ಟು ಉಸಿರನ್ನು ಅವನು ಮೊದಲೇ ಕೂಡಿಟ್ಟುಕೊಳ್ಳಬೇಕಿತ್ತು. ಕೂಡಿಟ್ಟುಕೊಂಡು ಹೇಳಿದ: "ಬೆಚ್ಚಗೆ ಮಾಡ್ತೀವಿ ಅಂತ ಹೇಳು, ರೀವಾ." ಅವಳು ಹೇಳಿದಳು.

ರಾತ್ರಿಯೆಲ್ಲ ಅವಳು ಮಗುವನ್ನು ತನ್ನ ಹೊಟ್ಟೆಗೆ ಒತ್ತಿಕೊಂಡು ಮಲಗಿ ಛಾವಣಿಯನ್ನು ನೋಡಿದಳು. ಯಾರು? ಈ ಮನೆಯೊಳಗೆ ಕಾಲಿಟ್ಟವರು ಯಾರು, ಮಗುವಿನ ಕೈ ಹಿಡಿದವರು ಯಾರು? ಶಾಲೆಯ ಮಿಸ್ ಫಿಪ್ಸ್ ಇರಬಹುದೇ? ಆಕೆ ಬ್ರೇಲಿನ್‌ಗೆ ಕೈಗವಸು ಕೊಟ್ಟು ಕಳಿಸಿದ್ದಳು. ದಾನದ ಕೈಗವಸನ್ನು ರೀವಾ ಮರುದಿನವೇ ವಾಪಸು ಕಳಿಸಿದ್ದಳು. ಆದರೆ ಮಿಸ್ ಫಿಪ್ಸ್ ಮನೆಯೊಳಗೆ ಬಂದಿರಲಿಲ್ಲ. ಬಂದಿದ್ದವಳು ಲೋರೀನ್, ಗಾರ್ಲಂಡನ ತಂಗಿ. ಬುಧವಾರ ಒಣಗಿಸಿದ ಸೇಬಿನ ಚೀಲ ತಂದವಳು ಮೈಮೇಲಿನ ಕೋಟನ್ನು ತೆಗೆಯದೆಯೇ ಕುಳಿತು ಕಾಫಿ ಕುಡಿದಿದ್ದಳು, ಮಗುವಿಗೆ ಮುತ್ತಿಟ್ಟು "ಇದರ ಮೂಗು ನೋಡೇ, ನಾಯಿಮರಿ ಮೂಗಿನ ಥರ ತಣ್ಣಗಿದೆ" ಎಂದು ನಕ್ಕಿದ್ದಳು. ಆ ನಗೆಯನ್ನು ರೀವಾ ಕತ್ತಲಲ್ಲಿ ಹಿಂದೆ ಮುಂದೆ ತಿರುಗಿಸಿ ನೋಡಿದಳು. ಪ್ರತಿ ಸಲ ನೋಡಿದಾಗಲೂ ಅದರಲ್ಲಿ ಒಂದು ಹಲ್ಲು ಹೆಚ್ಚಾಗಿ ಕಂಡಿತು.

ಆ ಪದವನ್ನು ಹೆದರಿಸುವ ಪದವಾಗಿ ಅವಳಿಗೆ ಕಲಿಸಿಕೊಟ್ಟವಳೂ ಲೋರೀನಳೇ ಅಲ್ಲವೇ? ಮನೆ ಕಾಯಿಸುವ ಹಳೆಯ ಎಣ್ಣೆಯ ಕುಲುಮೆ ತೆಗೆಸಿ ಕರೆಂಟಿನ ಹೀಟ್ ಪಂಪ್ ಹಾಕಿಸಿದ ವಾರ, ಗೋಡೆಯ ಪೆಟ್ಟಿಗೆಯನ್ನು ಹಾವನ್ನು ನೋಡುವ ಹಾಗೆ ನೋಡಿ ಅವಳು ಹೇಳಿದ್ದಳು: "ಅಲ್ಲಿ ಆಕ್ಸ್ ಅಂತ ಬಂತೋ, ನೀನು ಕೆಟ್ಟೆ ಅಂತ ತಿಳ್ಕೋ. ಕರೆಂಟನ್ನ ಕರುಳು ಕಿತ್ತು ಎಳೆಯುತ್ತೆ. ನಮ್ಮನೇಲಿ ಒಂದು ತಿಂಗಳು ಉರೀತು, ಬಿಲ್ ಕಟ್ಟೋಕಾಗ್ದೆ ಲೈನೇ ಕಿತ್ಕೊಂಡು ಹೋದ್ರು. ಫ್ರೀಜರಿನಲ್ಲಿದ್ದ ಜಿಂಕೆ ಮಾಂಸ ಎಲ್ಲಾ ಕೊಳೆತು ನಾರ್ತು." ಯಂತ್ರ ಕೂರಿಸಿದ ಹುಡುಗನೂ ಏನೋ ವಿವರಿಸಿದ್ದ. ಹೊರಗಿನ ಪಂಪು ಚಳಿಗಾಳಿಯೊಳಗಿನ ಚೂರುಪಾರು ಶಾಖವನ್ನೇ ಹಿಂಡಿ ಒಳಗೆ ತರುತ್ತದೆ. ಹೊರಗೆ ವಿಪರೀತ ಕೊರೆದಾಗ ಅದೊಂದಕ್ಕೇ ಸಾಲದೆ ಒಳಗಿನ ತಂತಿಯ ಸುರುಳಿಗಳು ಕಾದು ಜೊತೆಗೂಡುತ್ತವೆ. ಆಗ ಆ ಪದ ಬರುತ್ತದೆ, ಬಂದರೆ ಬರಲಿ ಬಿಡಿ. ಅವನ ಮಾತಿನಲ್ಲಿ ಅವಳ ಕಿವಿಯಲ್ಲಿ ಉಳಿದದ್ದು ಒಂದೇ: ಆ ಸುರುಳಿಗಳು ಉರಿದರೆ ಮನೆಯೊಳಗೆ ಹನ್ನೆರಡು ಟೋಸ್ಟರ್ ಒಟ್ಟಿಗೆ ಹಚ್ಚಿಟ್ಟ ಹಾಗೆ.

ಕರೆಂಟು ಹೋಗುವುದೆಂದರೆ ಏನು ಎಂಬುದನ್ನು ಅವಳಿಗೆ ಯಾರೂ ವಿವರಿಸಬೇಕಾಗಿರಲಿಲ್ಲ. ಮಗಳು ಶಾನಾಳ ಟ್ರೇಲರ್ ಮನೆಯಲ್ಲಿ ದೀಪ ಆರಿಹೋದದ್ದು ಎರಡು ಚಳಿಗಾಲದ ಹಿಂದೆ. ಶಾನಾ ಆಗ ನಶೆಯ ಮಾತ್ರೆಗಳ ಮಂಪರಿನಲ್ಲಿದ್ದಳು, ಬ್ರೇಲಿನ್ ಕತ್ತಲಲ್ಲಿ ಒಣ ಸೀರಿಯಲ್ ತಿನ್ನುತ್ತ ಕುಳಿತಿದ್ದಳು, ಇಲಾಖೆಯಿಂದ ಬಂದವರು ಮಗುವನ್ನು ಎತ್ತಿಕೊಂಡು ಹೋದರು. ಆಮೇಲೆ ನ್ಯಾಯಾಧೀಶ ಕನ್ನಡಕದ ಮೇಲಿಂದ ರೀವಾಳನ್ನು ನೋಡಿ ಕೇಳಿದ್ದ: "ನಿಮ್ಮ ಮನೇಲಿ ದೀಪ ಉರೀತಿರುತ್ತೆ ಅಂತ ನನಗೆ ಮಾತು ಕೊಡ್ತೀರಾ?" ಅವಳು ಎದ್ದು ನಿಂತು ಕೊಟ್ಟ ಮಾತು. ಶಾನಾ ಈಗ ರೋನೊಕ್ ಪಟ್ಟಣದ ವ್ಯಸನಮುಕ್ತಿ ಚಿಕಿತ್ಸಾಗೃಹದಲ್ಲಿ ಪಾತ್ರೆ ತೊಳೆಯುತ್ತ, ಭಾನುವಾರಕ್ಕೊಮ್ಮೆ ಫೋನು ಮಾಡಿ ಮಗಳ ಜೊತೆ ಗೊಂಬೆಯ ಸುದ್ದಿ ಮಾತಾಡುತ್ತಾಳೆ. ದೀಪ ಉರಿಯುತ್ತಿರಬೇಕು, ಗಾರ್ಲಂಡನ ಮೂಗಿನ ನಳಿಗೆಗೆ ಗಾಳಿ ತಳ್ಳುವ ಯಂತ್ರ ಓಡುತ್ತಿರಬೇಕು, ಅದಕ್ಕಾಗಿ ಆ ಪದ ಮಾತ್ರ ಉರಿಯಬಾರದು. ಈ ಚಳಿಗಾಲವೆಲ್ಲ, ರಾತ್ರಿ ಅದು ಬಂದಾಗೆಲ್ಲ ಅವಳು ಅಂಕಿಯನ್ನು ಇಳಿಸುತ್ತಿದ್ದಳು. ಬೆಳಿಗ್ಗೆ ಮಗು ಏಳುವ ಮೊದಲು ಒಂದೇ ಸಲಕ್ಕೆ ಏರಿಸುತ್ತಿದ್ದಳು. ಏರಿಸಿದ ಕ್ಷಣವೇ ಅದು ಹಲ್ಲುಕಿರಿದು ಬರುತ್ತಿತ್ತು, ಅವಳು ಮತ್ತೆ ಇಳಿಸುತ್ತಿದ್ದಳು. ಅವಳು ಹುಟ್ಟಿ ಬೆಳೆದ ಗಣಿ ಕಾಲೊನಿಯ ಮನೆಯಲ್ಲಿ ಅಪ್ಪ ಮಲಗುವ ಮುನ್ನ ಒಲೆಯ ಕೆಂಡದ ಮೇಲೆ ಬೂದಿ ಮುಚ್ಚುತ್ತಿದ್ದ, ರಾತ್ರಿ ಕಲ್ಲಿದ್ದಲು ಸುಡುವವನು ಬೆಳಿಗ್ಗೆ ಮಕ್ಕಳನ್ನು ಸುಡುತ್ತಾನೆ ಎಂದು ಗೊಣಗುತ್ತಿದ್ದ. ಪದ ಅಳಿಸಿಹೋದಾಗೆಲ್ಲ ಅವಳಿಗೆ ಒಳಗೊಳಗೇ ಒಂದು ಖುಷಿಯಾಗುತ್ತಿತ್ತು, ಯಾರಿಗೂ ಹೇಳಿಕೊಳ್ಳದ ಖುಷಿ, ಜೂಜಿನಲ್ಲಿ ಗೆದ್ದವರ ಹಾಗೆ. ಆ ಖುಷಿಯ ನೆನಪು ಈಗ ಕತ್ತಲಲ್ಲಿ, ಮಗುವಿನ ಉಣ್ಣೆಯ ಟೋಪಿಗೆ ಕೆನ್ನೆಯಿಟ್ಟು ಮಲಗಿದಾಗ, ಬಾಯಿಗೆ ಕಹಿಯಾಗಿ ಬಂತು.

ಬೆಳಗಾಯಿತು. ಹೊರಗೆ ಬೆಟ್ಟದ ಮೈಯೆಲ್ಲ ಇಬ್ಬನಿ ಹೆಪ್ಪುಗಟ್ಟಿ ಬೂದಿ ಬಳಿದುಕೊಂಡಂತಿತ್ತು. ರಾತ್ರಿ ನಿದ್ದೆಯಿಲ್ಲದೆ ಕೆಮ್ಮಿದ ಗಾರ್ಲಂಡ್ ಉಸಿರಿನ ಯಂತ್ರದ ಜೊತೆ ತನ್ನ ಕೋಣೆಯಲ್ಲಿ ಈಗಷ್ಟೇ ಕಣ್ಣು ಮುಚ್ಚಿದ್ದ. ರೀವಾ ಗೋಡೆಯ ಮುಂದೆ ನಿಂತು ಮೇಲ್ಗುಂಡಿಯನ್ನು ಒತ್ತಿದಳು, ಅರವತ್ತೆಂಟು ಬರುವ ತನಕ ಒತ್ತಿದಳು. ಆಕ್ಸ್. ನೆಲದ ಜಾಲರಿಗಳಿಂದ ಸುಟ್ಟ ಧೂಳಿನ ವಾಸನೆಯ ಬಿಸಿಗಾಳಿ ಎದ್ದಿತು. ಅವಳು ಬೆನ್ನು ತಿರುಗಿಸಿ ಕುಳಿತಳು. ಬೆನ್ನಿಗೆ ಕಣ್ಣು ಬಂತು. ಎಲ್ಲೋ ಹೊರಗೆ, ಗೋಡೆಗೆ ಬಡಿದ ಮೀಟರಿನೊಳಗೆ ಏನೋ ಓಡುತ್ತಿದೆ, ತನ್ನ ಮೈಯಿಂದ ಯಾರೋ ದಾರ ಎಳೆಯುತ್ತಿದ್ದಾರೆ ಎನ್ನಿಸಿತು. ಕುಳಿತಿರಲಾರದೆ ಹೋದಳು. ಇವತ್ತು ಶನಿವಾರ, ಚರ್ಚಿನ ಅಡುಗೆಮನೆಯಲ್ಲಿ ಹೆಂಗಸರು ಸೇಬಿನ ಕರಿಗಡುಬು ಮಾಡುವ ದಿನ, ಲೋರೀನ್ ಅಲ್ಲಿರುತ್ತಾಳೆ. ಸಂಜೆಯೊಳಗೆ ಹೇಗೂ ಮನೆ ಕಾದು ಬೆಚ್ಚಗಾಗುತ್ತದೆ. ಅವಳು ಮಗುವಿಗೆ ಶೂ ಕಟ್ಟಿದಳು, ಒಲೆ ನೋಡಿದಳು, ದೀಪ ಆರಿಸಿದಳು, ಗೋಡೆಯ ಬಳಿ ಒಂದು ಗಳಿಗೆ ನಿಂತು, ಬಾಗಿಲೆಳೆದುಕೊಂಡು ಹೊರಟಳು.

ಚರ್ಚಿನ ನೆಲಮಾಳಿಗೆಯ ಅಡುಗೆಮನೆ ಬೆವರುವಷ್ಟು ಬೆಚ್ಚಗಿತ್ತು. ಬಾಣಲೆಗಳಲ್ಲಿ ಎಣ್ಣೆ ಕುದಿಯುತ್ತಿತ್ತು, ದಾಲ್ಚಿನ್ನಿಯ ವಾಸನೆ ಗೋಡೆಗೆಲ್ಲ ಹಿಡಿದಿತ್ತು. ಪಾದ್ರಿಯ ಹೆಂಡತಿ ಓಪಲ್ ಹಿಟ್ಟು ಲಟ್ಟಿಸುತ್ತಿದ್ದಳು, ಲೋರೀನ್ ಹೂರಣ ತುಂಬಿ ಫೋರ್ಕಿನಿಂದ ಅಂಚು ಒತ್ತುತ್ತಿದ್ದಳು. ಬ್ರೇಲಿನ್ ಒಳಗೆ ಬಂದವಳೇ ಕೋಟು, ಟೋಪಿ, ಅದರೊಳಗಿನ ಸ್ವೆಟರ್, ಅದರೊಳಗಿನ ಇನ್ನೊಂದು ಸ್ವೆಟರ್ ಎಲ್ಲವನ್ನೂ ಕಳಚಿ ಕುರ್ಚಿಯ ಮೇಲೆ ಒಟ್ಟಿದಳು. "ಅಯ್ಯೋ, ಈರುಳ್ಳಿ ಸಿಪ್ಪೆ ಬಿಡಿಸ್ದಂಗೆ ಬಿಡಿಸ್ತಿದೀಯಲ್ಲೇ, ಒಳಗೆ ಮಗು ಇದೆಯೋ ಇಲ್ವೋ?" ಎಂದು ಓಪಲ್ ನಕ್ಕಳು.

"ನಮ್ಮನೇಲಿ ಮಾತಾಡಿದ್ರೆ ಬಾಯಿಂದ ಹೊಗೆ ಬರುತ್ತೆ" ಎಂದಿತು ಮಗು, ಹೆಮ್ಮೆಯಿಂದ. "ನಾನು ರೈಲು ಆಟ ಆಡ್ತೀನಿ. ಹಾಸಿಗೇಲೇ."

ಓಪಲಳ ಲಟ್ಟಣಿಗೆ ನಿಂತಿತು. ಯಾರೂ ರೀವಾಳ ಕಡೆ ನೋಡಲಿಲ್ಲ. ನೋಡದಿರಲು ಎಲ್ಲರಿಗೂ ಒಂದೊಂದು ಕೆಲಸ ಸಿಕ್ಕಿತು. ಆ ದಾಕ್ಷಿಣ್ಯವನ್ನು ತಡೆದುಕೊಳ್ಳುವುದಕ್ಕಿಂತ ಜಗಳ ಸುಲಭವಾಗಿತ್ತು. "ಲೋರೀನ್, ನಿನ್ನೆ ರಾತ್ರಿ ನಮ್ಮನೆಗೆ ಪೊಲೀಸ್ ಬಂದಿದ್ದ" ಎಂದಳು ರೀವಾ.

"ಪೊಲೀಸಾ? ಯಾಕೆ? ಶಾನಾಗೇನಾದ್ರೂ..."

"ಶಾನಾ ಹೆಸರು ಎತ್ಬೇಡ. ಮಗೂನ ಕರ್ಕೊಂಡು ಹೋಗೋಕೆ ಬಂದಿದ್ರು. ಯಾರೋ ಫೋನು ಮಾಡಿದಾರೆ, ಮನೆ ತಣ್ಣಗಿದೆ ಅಂತ. ಬುಧವಾರ ನಮ್ಮನೇಲಿ ಕೋಟು ಬಿಚ್ದೆ ಕೂತಿದ್ದೋಳು ಯಾರು?"

ಲೋರೀನ್ ಫೋರ್ಕನ್ನು ಕೆಳಗಿಟ್ಟಳು. ಅವಳ ಕೆನ್ನೆ ಕೆಂಪಾಯಿತು. "ನಿನ್ನ ಮನೇಲಿ ಹಂದಿ ಕಡ್ದು ನೇತುಹಾಕಿದ್ರೂ ಕೆಡಲ್ಲ ಅಂತ ನಾಲ್ಕು ಜನರ ಮುಂದೆ ಅಂದಿದೀನಿ. ನಿಜ. ಬಾಯಿ ನನ್ನದು, ಆಡ್ತೀನಿ. ಆದ್ರೆ ಅಣ್ಣನ ಮನೆ ಮೇಲೆ ಪೊಲೀಸ್ ಕರ್ಸೋಳಲ್ಲ ನಾನು."

"ನಿನಗೆ ಮೊದಲಿಂದ್ಲೂ ಹೊಟ್ಟೆಕಿಚ್ಚು. ಜಡ್ಜು ಮಗೂನ ನನಗೆ ಕೊಟ್ಟ, ನಿನಗೆ ಕೊಡ್ಲಿಲ್ಲ."

"ಹೌದು ಕಣೇ, ಕೇಳ್ದೆ! ಕೇಳಿದ್ದು ತಪ್ಪಾ? ಕೊಟ್ಟಿದ್ರೆ ಕೋಟು ಹಾಕಿ ಮಲಗಿಸ್ತಿರ್ಲಿಲ್ಲ!" ಲೋರೀನ್ ಹಿಟ್ಟಿನ ಕೈಯಿಂದಲೇ ಬಾಯಿ ಮುಚ್ಚಿಕೊಂಡಳು. ಅವಳ ಕಣ್ಣಿಂದ ನೀರು ಇಳಿದು ಕೆನ್ನೆಯ ಮೇಲಿನ ಹಿಟ್ಟಿನಲ್ಲಿ ಗೆರೆ ಎಳೆಯಿತು. ಓಪಲ್ ನಡುವೆ ಬಂದು, "ಮಗು ನೋಡ್ತಿದೆ, ಇಬ್ಬರೂ ಸುಮ್ನಿರಿ" ಎಂದಳು. ಮಗು ನೋಡುತ್ತಿರಲಿಲ್ಲ, ಬಿಸಿ ಕಡುಬನ್ನು ಎರಡು ಕೈಯಿಂದ ಹಿಡಿದು, ತಿನ್ನದೆ, ಕೆನ್ನೆಗೆ ಒತ್ತಿಕೊಂಡು ನಿಂತಿತ್ತು.

ಗಾಡಿಯಲ್ಲಿ ಮನೆಗೆ ಬರುವಾಗ ರೀವಾಳಿಗೆ ತಾನು ಗೆದ್ದೆನೆಂದು ಅನ್ನಿಸಬೇಕಿತ್ತು. ತಪ್ಪಿತಸ್ಥರು ಮಾತ್ರ ಹಾಗೆ ಅಳುತ್ತಾರೆ, ಎಂದುಕೊಂಡಳು. ನಿರಪರಾಧಿಗಳೂ ಹಾಗೇ ಅಳುತ್ತಾರಲ್ಲ, ಎಂದಿತು ಇನ್ನೊಂದು ದನಿ. ಟ್ರೇಲರಿನ ಬಾಗಿಲಲ್ಲಿ ಶಾನಾ ಅತ್ತಾಗ ನೀನು ಅದನ್ನು ನಾಟಕ ಎಂದಿದ್ದೆ. ಹೊಳೆಯ ಅಂಚಿನ ರಸ್ತೆಯಲ್ಲಿ ಕಲ್ಲಿದ್ದಲಿನ ರೈಲಿಗಾಗಿ ನಿಲ್ಲಬೇಕಾಯಿತು, ಮುಗಿಯದ ರೈಲು. ನಿಂತಷ್ಟು ಹೊತ್ತೂ ಅವಳು ಸ್ಟಿಯರಿಂಗನ್ನು ಬಿಗಿಹಿಡಿದು, ಮನೆ ಈಗ ಅರವತ್ತನಾಲ್ಕಾಗಿರುತ್ತದೆ, ಅರವತ್ತೈದಾಗಿರುತ್ತದೆ ಎಂದು ಜಪಿಸಿದಳು.

ಬಾಗಿಲು ತೆಗೆದಾಗ ಮುಖಕ್ಕೆ ಬಿಸಿ ತಾಗಲಿಲ್ಲ. ಅವಳು ಕೋಟಿನಲ್ಲೇ ಗೋಡೆಯ ಬಳಿ ಓಡಿದಳು. ಮನೆ ಐವತ್ತೇಳು. ಕೆಳಗೆ, ಅವಳೇ ಇಟ್ಟ ಅಂಕಿ ಇರಬೇಕಾದ ಕಡೆ, ಐವತ್ತೈದು. ಯಾರು ಇಳಿಸಿದರು? ಮಲಗಿರುವ ಗಾರ್ಲಂಡನ ನಳಿಗೆ ಕೋಣೆಯಿಂದ ಇಲ್ಲಿಯವರೆಗೆ ಎಟಕುವುದೇ ಇಲ್ಲ. ಆಗ ಅವಳಿಗೆ ತನ್ನ ಬೆರಳಿನ ತುದಿಯಲ್ಲಿ ಆ ಗುಂಡಿಯ ನೆನಪು ಮರಳಿತು: ಬೆಳಿಗ್ಗೆ, ದೀಪ ಆರಿಸಿದ ಮೇಲೆ, ಬಾಗಿಲೆಳೆಯುವ ಮುನ್ನ. ಮನೆ ಬಿಟ್ಟು ಹೊರಡುವಾಗ ಇಳಿಸುವುದು. ಅದನ್ನು ಅವಳು ಮಾಡಲಿಲ್ಲ, ಅವಳ ಕೈ ಮಾಡಿತು. ಮಗುವನ್ನು ಕಳೆದುಕೊಳ್ಳುವ ದಿನವೂ ಕೈ ತನ್ನ ಮಿತವ್ಯಯವನ್ನು ಬಿಡಲಿಲ್ಲ. ಅವಳು ಗೋಡೆಗೆ ಹಣೆಯೊತ್ತಿ ನಿಂತಳು. ಕಿಟಕಿಯಾಚೆ ಬೆಟ್ಟದ ನೆರಳು ಆಗಲೇ ಅಂಗಳಕ್ಕೆ ಇಳಿಯುತ್ತಿತ್ತು.

ಒತ್ತಿದಳು. ಅರವತ್ತೆಂಟು. ಆಕ್ಸ್. "ಬಾ, ಬಾ, ಎಷ್ಟು ಬೇಕಾದ್ರೂ ಉರಿ" ಎಂದಳು ಗಟ್ಟಿಯಾಗಿ, ಬೈಯುವ ಹಾಗೆ, ಬೇಡುವ ಹಾಗೆ. ಐವತ್ತೆಂಟಾಯಿತು. ಐವತ್ತೊಂಬತ್ತಾಯಿತು. ಮಗುವನ್ನು ಜಾಲರಿಯ ಮೇಲೆ ನಿಲ್ಲಿಸಿದಳು. ಬಿಸಿಗಾಳಿಗೆ ಅದರ ಫ್ರಾಕು ಗಂಟೆಯಂತೆ ಉಬ್ಬಿತು, ಅದು ಕಿಲಕಿಲ ನಕ್ಕಿತು. ಅಷ್ಟರಲ್ಲಿ ಹೊರಗೆ ಏನೋ ಬುಸ್ಸೆಂದಿತು. ಅಡುಗೆಮನೆಯ ಕಿಟಕಿಯಿಂದ ನೋಡಿದರೆ ಅಂಗಳದ ಪಂಪಿನ ಪೆಟ್ಟಿಗೆಯ ಫ್ಯಾನು ನಿಂತಿದೆ, ಮೈಯಿಂದೆಲ್ಲ ದಟ್ಟವಾದ ಬಿಳಿಯ ಹೊಗೆ ಏಳುತ್ತಿದೆ. ಹೊತ್ತಿಕೊಂಡಿತು! ಇಷ್ಟು ದಿನ ಹತ್ತಿಕ್ಕಿದ್ದನ್ನೆಲ್ಲ ಒಂದೇ ದಿನದಲ್ಲಿ ಬಿಟ್ಟರೆ ಇನ್ನೇನಾದೀತು? ಅವಳು ಹಿಂದಿನ ಪಡಸಾಲೆಯ ಸ್ವಿಚ್ಚುಗಳ ಪೆಟ್ಟಿಗೆಯ ಕಡೆ ಓಡಿ, ಬಾಗಿಲು ಕಿತ್ತು ತೆಗೆದು, ಮುಖ್ಯ ಸ್ವಿಚ್ಚಿನ ಮೇಲೆ ಕೈಯಿಟ್ಟಳು.

"ಮುಟ್ಬೇಡ."

ಗಾರ್ಲಂಡ್ ಕೋಣೆಯ ಬಾಗಿಲಿಗೆ ಒರಗಿ ನಿಂತಿದ್ದ. ನಳಿಗೆಯನ್ನು ಎಳೆಯುವಷ್ಟು ಎಳೆದು, ಇನ್ನು ಎಳೆಯಲಾರದೆ ಮೂಗಿಂದ ಕಿತ್ತು ಕೈಯಲ್ಲಿ ಹಿಡಿದಿದ್ದ. ತುಟಿ ನೀಲಿಯಾಗಿತ್ತು.

"ಉರೀತಿದೆ ಗಾರ್ಲಂಡ್! ಹೊಗೆ ನೋಡು!"

"ಹೊಗೆ ಅಲ್ಲ... ಹಬೆ. ಮೈಮೇಲಿನ ಮಂಜುಗಡ್ಡೆ... ತಾನೇ ಕರಗಿಸ್ಕೊಳ್ತಿದೆ. ಕೈ ತೆಗಿ ಅಲ್ಲಿಂದ. ತೆಗಿ ಅಂದೆ."

ಮೂವತ್ತೊಂಬತ್ತು ವರ್ಷದ ಸಂಸಾರದಲ್ಲಿ ಅವನು ಆ ದನಿಯಲ್ಲಿ ಮಾತಾಡಿದ್ದು ಅವಳಿಗೆ ನೆನಪಿರಲಿಲ್ಲ. ಅವಳು ಕೈ ತೆಗೆದಳು. ಅವನನ್ನು ಹಿಡಿದು ತಂದು ನಡುಮನೆಯ ಕುರ್ಚಿಯಲ್ಲಿ ಕೂರಿಸಿ, ಕೋಣೆಯಿಂದ ಯಂತ್ರವನ್ನು ಪಕ್ಕಕ್ಕೆ ಎಳೆದು ತಂದು ನಳಿಗೆಯನ್ನು ಮೂಗಿಗೆ ಸಿಕ್ಕಿಸಿದಳು. ಅವನ ಎದೆ ತಿದಿಯಂತೆ ಏರಿ ಇಳಿಯುವುದನ್ನು ನೋಡುತ್ತ ಮಂಡಿಯೂರಿದಳು. ಉಸಿರು ಸಿಕ್ಕಾಗ ಅವನು ತುಂಡು ತುಂಡಾಗಿ ಹೇಳಿದ: "ಕಲ್ಲಿದ್ದಲಿನ ರೈಲು ನಮ್ಮ ಗುಡ್ಡ ಹತ್ತುವಾಗ... ಹಿಂದ್ಗಡೆ ಇನ್ನೊಂದು ಎಂಜಿನ್ ಕಟ್ತಾರಲ್ಲ, ತಳ್ಳೋಕೆ. ನೋಡಿದೀಯ ತಾನೇ? ಅದಿಷ್ಟೇ ಇದು. ಬಯಲಲ್ಲಿ ಬೇಕಾಗಲ್ಲ. ಗುಡ್ಡ ಬಂದಾಗ ಬೇಕು. ನೀನು ಏನ್ಮಾಡ್ತಿದ್ದೆ? ಗುಡ್ಡದ ಮಧ್ಯೆ ಹಿಂದಿನ ಎಂಜಿನ್ ಬಿಚ್ಚಿಬಿಡ್ತಿದ್ದೆ. ರೈಲು ಹಿಂದಕ್ಕೆ ಜಾರ್ತಿತ್ತು. ಬೆಳಿಗ್ಗೆ ಮತ್ತೆ ಬುಡದಿಂದ ಹತ್ಸು ಅಂತಿದ್ದೆ. ಆಗ ಅದು ಇನ್ನೂ ಜಾಸ್ತಿ ತಳ್ಬೇಕು, ಜಾಸ್ತಿ ತಿನ್ಬೇಕು. ಒಂದು ಕಡೆ ಇಟ್ಟು ಕೈ ಬಿಟ್ಟಿದ್ರೆ... ತಾನೇ ಬಂದು ತಾನೇ ಹೋಗ್ತಿತ್ತು."

"ಇದನ್ನ ಮೊದಲೇ ಯಾಕೆ ಹೇಳ್ಲಿಲ್ಲ ನೀನು?"

"ಹೇಳ್ದೆ" ಎಂದ ಗಾರ್ಲಂಡ್.

ಅವಳು ನೆನಪಿನೊಳಗೆ ಹುಡುಕಿದಳು. ಹೇಳಿದ್ದ. ಅವನು ಉಸಿರು ಕೂಡಿಟ್ಟುಕೊಳ್ಳುತ್ತಿರುವಾಗಲೇ ಅವಳು ತನ್ನ ಮಾತನ್ನು ಮುಗಿಸಿ ಅಡುಗೆಮನೆಗೆ ಹೋಗಿಬಿಡುತ್ತಿದ್ದಳು. ಅವನ ವಾಕ್ಯದ ಮೊದಲ ಪದ ಹೊರಬೀಳುವ ಹೊತ್ತಿಗೆ ನಲ್ಲಿಯ ಸದ್ದು ಇರುತ್ತಿತ್ತು. "ಬಿಲ್ಲು ಕಟ್ಟೋಳು ನಾನು, ನೀನು ಸುಮ್ನೆ ಉಸಿರಾಡು" ಎಂದಿದ್ದಳು ಒಮ್ಮೆ. ತಮಾಷೆಗೆ ಅಂದದ್ದು. ತಮಾಷೆಗೇ ಇರಬೇಕು.

ಹೊರಗೆ ಹಬೆ ಅಡಗಿತು, ಫ್ಯಾನು ಮತ್ತೆ ತಿರುಗಿತು. ಅರವತ್ತೊಂದು. ಅರವತ್ತಮೂರು. ಮೂವರೂ ಗೋಡೆಯನ್ನೇ ನೋಡುತ್ತ, ಆಸ್ಪತ್ರೆಯ ಪಡಸಾಲೆಯಲ್ಲಿ ಕುಳಿತವರಂತೆ ಕುಳಿತರು. ಹಾರ್ಗಿಸ್ ಬಂದಾಗ ಅಂಕಿ ಅರವತ್ತಾರು. ಈ ಸಲ ಅವಳು ಒಬ್ಬಳೇ ಬಂದಿದ್ದಳು. ಅವಳ ಗಾಡಿಯ ಹಿಂದಿನ ಸೀಟಿನಲ್ಲಿ ಮಗುವನ್ನು ಕೂರಿಸುವ ಪುಟ್ಟ ಕುರ್ಚಿ ಕಟ್ಟಿದ್ದುದನ್ನು ರೀವಾ ಕಿಟಕಿಯಿಂದ ನೋಡಿದಳು. ಹಾರ್ಗಿಸ್ ಗೋಡೆಯ ಪೆಟ್ಟಿಗೆಯನ್ನು ನೋಡಿದಳು, ಹಿಂದಿನ ಕೋಣೆಗೆ ಹೋಗಿ ಹಾಸಿಗೆ ಮುಟ್ಟಿದಳು, ವಾಪಸು ಬಂದಳು. ರೀವಾ ಬೀನ್ಸ್ ಕಾಳಿನ ಸಾರು ಬಡಿಸಲೇ ಎಂದು ಕೇಳಿದಳು. ಕೇಳಿದ್ದು ಲಂಚದಂತೆ ಕೇಳಿಸಿ ನಾಲಿಗೆ ಕಚ್ಚಿಕೊಂಡಳು. "ಕಾಫಿ ಸಾಕು" ಎಂದಳು ಹಾರ್ಗಿಸ್. ಕುಳಿತಳು. ಕೊರಳಿನ ಮಫ್ಲರ್ ಸಡಿಲಿಸಿದಳು. ಬ್ರೇಲಿನ್ ಬರಿಗಾಲಿನಲ್ಲಿ ನೆಲದ ಮೇಲೆ ಕುಳಿತು ಗೊಂಬೆಯ ಜಡೆ ಬಿಚ್ಚುತ್ತಿತ್ತು. ಮಾತು ಶಾಲೆಯ ಬಗ್ಗೆ, ಮಿಸ್ ಫಿಪ್ಸ್ ಬಗ್ಗೆ, ಬಿಲ್ಲಿಗೆ ಸಹಾಯ ಮಾಡುವ ಕೌಂಟಿಯ ಕಚೇರಿಯ ಬಗ್ಗೆ ನಡೆಯಿತು; ರೀವಾ ಹ್ಞೂಂಗುಟ್ಟುತ್ತ ಆ ಹೆಂಗಸಿನ ಕೋಟಿನ ಗುಂಡಿಗಳನ್ನೇ ನೋಡುತ್ತಿದ್ದಳು. ಅರ್ಧ ಲೋಟ ಮುಗಿಯುವ ಹೊತ್ತಿಗೆ ಹಾರ್ಗಿಸ್ ಮಾತಿನ ನಡುವೆಯೇ, ತಾನು ಏನು ಮಾಡುತ್ತಿದ್ದೇನೆಂದು ಗಮನಿಸದವಳ ಹಾಗೆ, ಆ ಗುಂಡಿಗಳನ್ನು ಬಿಚ್ಚಿ ಕೋಟನ್ನು ಕುರ್ಚಿಯ ಬೆನ್ನಿಗೆ ಹಾಕಿದಳು.

ರೀವಾ ಗೋಡೆಯ ಕಡೆ ತಿರುಗಿದಳು. ಅರವತ್ತೆಂಟು. ಪಕ್ಕದಲ್ಲಿ ಏನೂ ಇರಲಿಲ್ಲ. ಯಾರ ಬೆರಳೂ ಸೋಕದೆ ಆ ಪದ ತಾನಾಗಿ ಹೊರಟುಹೋಗಿತ್ತು.

"ಮಗು ಇಲ್ಲೇ ಇರ್ಲಿ" ಎಂದಳು ಹಾರ್ಗಿಸ್, ಬಾಗಿಲಲ್ಲಿ. "ಚಳಿಗಾಲ ಮುಗಿಯೋವರೆಗೂ ಆಗಾಗ ಬರ್ತಿರ್ತೀನಿ. ಹೇಳ್ದೇ ಬರ್ತೀನಿ."

"ಬನ್ನಿ. ಆದ್ರೆ ಯಾರು ಅಂತ ಅದೊಂದು ಹೇಳ್ಬಿಡಿ."

"ಯಾರೇ ಆಗಿರ್ಲಿ, ಮಿಸೆಸ್ ರಾಸ್ನಿಕ್, ನಿಮಗೆ ಕೆಟ್ಟದ್ದು ಬಯಸಿದೋರಲ್ಲ." ಅವಳು ಹೊರಟುಹೋದಳು.

ಗಾಡಿಯ ಕೆಂಪು ದೀಪ ತಿರುವಿನಲ್ಲಿ ಮರೆಯಾದದ್ದೇ ರೀವಾಳ ಒಳಗೆ ಇಡೀ ದಿನ ಬಗ್ಗಿ ಕುಳಿತಿದ್ದದ್ದು ಎದ್ದು ನಿಂತಿತು. ಬಚಾವಾದೆ ಎಂಬ ಸಮಾಧಾನ ಕೋಪದ ರೂಪದಲ್ಲೇ ಬಂತು. ಬೇರೆ ರೂಪದಲ್ಲಿ ಬಂದಿದ್ದರೆ ಅವಳು ನೆಲಕ್ಕೆ ಕುಸಿಯುತ್ತಿದ್ದಳು. ಮಗುವನ್ನು ತೆಳ್ಳನೆಯ ನೈಟಿಯಲ್ಲಿ, ಒಂದೇ ಕೌದಿಯಡಿ ಮಲಗಿಸಿ ಬಂದಳು. ಅಡುಗೆಮನೆಯಲ್ಲಿ ಪಾತ್ರೆಗಳನ್ನು ಕುಕ್ಕುತ್ತ ಕೂಗಿ ಹೇಳಿದಳು: "ಕೆಟ್ಟದ್ದು ಬಯಸಿದೋರಲ್ವಂತೆ! ನಾಳೆ ಚರ್ಚಿನಲ್ಲಿ ದೇವರ ಕೃಪೆಗೆ ಸಾಕ್ಷಿ ಹೇಳೋ ಹೊತ್ತಿಗೆ ಎದ್ದು ನಿಲ್ತೀನಿ. ದೇವರು ನನ್ನ ಮಗೂನ ಉಳಿಸಿದ ಅಂತೀನಿ. ಯಾರಿಂದ ಉಳಿಸಿದ ಅಂತಾನೂ ಹೇಳ್ತೀನಿ. ಎಲ್ಲರ ಮುಂದೆ, ಹೆಸರು ಹಿಡಿದು, ಲೋರೀನ್ ಅಂತ. ಆಮೇಲೆ ಆ ಬೆಂಚಿನ ಮೇಲೆ ಹ್ಯಾಗೆ ಕೂತ್ಕೋತಾಳೋ ನೋಡ್ತೀನಿ."

"ಲೋರೀನ್ ಅಲ್ಲ" ಎಂದ ಗಾರ್ಲಂಡ್.

"ನಿನ್ನ ತಂಗಿ ಅಂತ ವಹಿಸ್ಕೊಂಡು ಬರ್ಬೇಡ. ಅವಳಲ್ದೆ ಇನ್ಯಾರು? ಒಳಗೆ ಬಂದು ನೋಡಿದೋರು ಇನ್ಯಾರಿದಾರೆ? ಹೇಳು ನೋಡೋಣ."

ಅವನು ಉಸಿರು ಕೂಡಿಟ್ಟುಕೊಳ್ಳತೊಡಗಿದ. ಅವಳು ಈ ಸಲ ನಲ್ಲಿ ನಿಲ್ಲಿಸಿದಳು. ಕೈ ಒರೆಸಿಕೊಂಡು, ನಡುಮನೆಯ ಹೊಸ್ತಿಲಿಗೆ ಬಂದು, ಕಾದಳು. ಅವನು ಮುಖ ಎತ್ತಿ, ಟಿವಿಯನ್ನಲ್ಲ, ಅವಳ ಕಣ್ಣನ್ನೇ ನೋಡಿದ.

"ಹೆಸರು ಹೇಳೋದು ಬೇಕಾಗಿಲ್ಲ, ಗುಟ್ಟಾಗಿಡ್ತೀವಿ ಅಂದ್ಳು ಇಲಾಖೆ ಫೋನಿನಲ್ಲಿದ್ದ ಹುಡುಗಿ, ಪರವಾಗಿಲ್ಲ, ಬರ್ಕೊಳಮ್ಮ ಅಂದೆ: ಗಾರ್ಲಂಡ್ ರಾಸ್ನಿಕ್."